ತಿರುಗಿ ಬಂದವನಿಗೆ ಯಾವ ಶಾಸ್ತ್ರ?

ನಮ್ಮ ಜಿಲ್ಲೆಗೆ ಯುದ್ಧ ಹೊಸದಲ್ಲ. 1520ರಲ್ಲಿ ಕೃಷ್ಣದೇವರಾಯನೂ ಆದಿಲ್‌ಶಾಹನೂ ರಾಯಚೂರಿಗಾಗಿಯೇ ಕಾದಾಡಿದರು. ಅದಕ್ಕೂ ಹಿಂದೆ ಹೋದರೆ, 1915ರಲ್ಲಿ ಮಸ್ಕಿಯಲ್ಲಿ ಸಿಕ್ಕ ಶಾಸನದಲ್ಲಿ ಅಶೋಕನ ಹೆಸರೇ ಇದೆ. ಕಳಿಂಗದಲ್ಲಿ ಲಕ್ಷ ಜನ ಸತ್ತರೆಂದು ಮರುಗಿ ಆ ದೊರೆ ಬೇರೆ ಕಡೆಯ ಬಂಡೆಗಳ ಮೇಲೆ ಬರೆಸಿದ. ಅವನ ಕಾಲಾಳು ಮನೆಗೆ ಹೋಗಿ ಹೆಂಡತಿಗೆ ಏನು ಹೇಳಿದನೋ, ಯಾವ ಕಲ್ಲಿನಲ್ಲೂ ಇಲ್ಲ. ವೀರಗಲ್ಲುಗಳೂ ಅಷ್ಟೆ. ಸತ್ತವನನ್ನು ಅಪ್ಸರೆಯರು ಸ್ವರ್ಗಕ್ಕೆ ಒಯ್ಯುತ್ತಾರೆ. ಬದುಕಿ ಬಂದವನಿಗೆ ಕಲ್ಲಿಲ್ಲ.

ನಾನು ಬದುಕಿ ಬಂದವನು. 1999ರ ಕಾರ್ಗಿಲ್ ಮುಗಿದು ರಜೆಯ ಮೇಲೆ ಹಿರೇಕೊಟ್ನೆಕಲ್‌ಗೆ ಬಂದಾಗ ಹಾರ ಹಾಕಿದರು, ಹಲಗೆ ಬಾರಿಸಿದರು. ಮರುದಿನ ಕಟ್ಟೆಯ ಮೇಲೆ ಹಿರಿಯರೊಬ್ಬರು, "ಎಷ್ಟು ಮಂದೀನ ಹೊಡದಿ ತಮ್ಮಾ?" ಅಂದರು. ಪ್ರೀತಿಯಿಂದಲೇ ಕೇಳಿದ್ದು. ಎದ್ದು ಬಂದೆ. ಮನೆಯಲ್ಲಿ ಹೆಂಡತಿ ಎರಡನೇ ರೊಟ್ಟಿ ತಿರುವಿ ಹಾಕುವುದರೊಳಗೆ ಮೊದಲನೆಯದು ನುಂಗಿ ಎದ್ದಿರುತ್ತಿದ್ದೆ, ಅದೂ ಗೋಡೆಗೆ ಬೆನ್ನು ಕೊಟ್ಟು, ಬಾಗಿಲು ಕಾಣುವಂತೆ ಕೂತು. ಮಗಳು ಹಿಂದಿನಿಂದ ಬಂದು ಕೊರಳಿಗೆ ಜೋತುಬಿದ್ದರೆ ಕೊಡವಿಬಿಡುತ್ತಿದ್ದೆ. "ಅಪ್ಪನ ಮುಂದಿನಿಂದ ಹೋಗವ್ವಾ" ಎಂದು ಅವಳಿಗೆ ಕಲಿಸಿದ್ದರು.

ಕರ್ತವ್ಯ ಮಾಡಿದವನಿಗೆ ಪಾಪ ಅಂಟದು ಎಂದು ಗೀತೆ ಓದಿಕೊಂಡವರು ಸಮಾಧಾನ ಹೇಳಿದರು. ಆದರೆ ಗೀತೆ ಯುದ್ಧಕ್ಕೆ ಮುಂಚಿನ ಮಾತು. ಎಲ್ಲ ಮುಗಿದ ಮೇಲೆ ಧರ್ಮರಾಯ ಪಟ್ಟವೇ ಬೇಡವೆಂದು ಕೂತ. ತಮ್ಮಂದಿರು, ದ್ರೌಪದಿ, ವ್ಯಾಸರು, ಕೃಷ್ಣ ಎಲ್ಲರೂ ಹೇಳಿ ಸಾಲದೆ ಶರಶಯ್ಯೆಯ ಭೀಷ್ಮರ ಬಳಿಗೆ ಹೋಗಬೇಕಾಯಿತು. ಇಡೀ ಶಾಂತಿಪರ್ವ ಅದೇ ಕಥೆ. ಆಮೇಲೂ ಅಶ್ವಮೇಧ ಬೇಕಾಯಿತು. ಅವನಿಗೇ ಅಷ್ಟು ಹಿಡಿದರೆ ಸಿಪಾಯಿಗೆ ಎರಡು ತಿಂಗಳ ರಜೆ ಸಾಕೇ?

ನಮ್ಮದು ಲಿಂಗವಂತರ ಮನೆ. ಪಂಚಸೂತಕ ಇಲ್ಲವೆಂದ ಶರಣರ ಮಾತು ನನಗೂ ಒಪ್ಪಿಗೆ. ಆದರೆ ಸೂತಕ ಹಿಡಿಯುವ ಮನೆಗಳಲ್ಲಿ, ಸಾವಾದವರನ್ನು ಊರು ಹತ್ತು ದಿನ ಕೆಣಕದೆ ಬಿಡುತ್ತದಲ್ಲ, ಅದರಲ್ಲಿ ಮೈಲಿಗೆಗಿಂತ ದಯೆಯೇ ಹೆಚ್ಚು ಅನ್ನಿಸುತ್ತದೆ. ಆ ಹತ್ತು ದಿನ ನನಗೂ ಬೇಕಿತ್ತು. ನಾನು ಮಾಡಿದ್ದು ತಪ್ಪೆಂದು ಇವತ್ತಿಗೂ ಹೇಳಲಾರೆ. ತಪ್ಪಲ್ಲದ್ದೂ ಎದೆ ಮೇಲೆ ಕೂರುತ್ತದೆ ಎಂದು ಮಾತ್ರ ನಾನು ಕೇಳಿದ ಯಾವ ಪ್ರವಚನದಲ್ಲೂ ಬರಲಿಲ್ಲ.

ಈಗ ಜಾತ್ರೆಗಳಲ್ಲಿ ಯೋಧರಿಗೆ ಸನ್ಮಾನ ಇರುತ್ತದೆ. ಶಾಲು ಹೊದಿಸಲಿ, ಬೇಡ ಅನ್ನುವುದಿಲ್ಲ. ವೇದಿಕೆ ಇಳಿದ ಮೇಲೆ ಸ್ವಾಮಿಗಳು ಆ ಹುಡುಗನನ್ನು ಒಳಗೆ ಕರೆದು, ಮೈಕಿಲ್ಲದೆ, ಅವನು ಹೇಳಿದಷ್ಟನ್ನು ಕೇಳಿಸಿಕೊಳ್ಳಲಿ. ಉಪದೇಶ ಬೇಡ.