ಧರ್ಮಸಂಕಟ ಮತ್ತು ಚಿತ್ರಕಥೆ: ‘ಸಂಸ್ಕಾರ’

ಧರ್ಮಜಿಜ್ಞಾಸೆಯನ್ನು ತೆರೆಗೆ ತರಹೊರಟ ಚಿತ್ರಕಥೆಗಾರನಿಗೆ ಎದುರಾಗುವ ಮೊದಲ ತೊಡಕೆಂದರೆ, ಒಳಗಿನ ತೊಳಲಾಟ ಕ್ಯಾಮೆರಾಕ್ಕೆ ಕಾಣುವುದಿಲ್ಲ. ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ (1965) ಕಾದಂಬರಿಗೆ ಗಿರೀಶ ಕಾರ್ನಾಡರು ಚಿತ್ರಕಥೆ ಬರೆದಾಗ ಈ ತೊಡಕೇ ಮುಖ್ಯವಾಗಿತ್ತು. ಪಟ್ಟಾಭಿರಾಮ ರೆಡ್ಡಿಯವರು ವಾಣಿಜ್ಯ ಚಿತ್ರರಂಗದ ಹಾದಿ ಬಿಟ್ಟು 1970ರಲ್ಲಿ ಈ ಚಿತ್ರ ಮಾಡಿದರು. ಕಥೆಯ ಕೇಂದ್ರದಲ್ಲಿರುವ ಅಗ್ರಹಾರದ ಗುರು ಪ್ರಾಣೇಶಾಚಾರ್ಯರ ಪಾತ್ರವನ್ನೂ ಕಾರ್ನಾಡರೇ ವಹಿಸಿದರು.

ದೂರ್ವಾಸಪುರದ ಅಗ್ರಹಾರದಲ್ಲಿ ನಾರಣಪ್ಪ ಸಾಯುತ್ತಾನೆ. ಅವನು ಆಚಾರ ಬಿಟ್ಟವನು, ಆದರೆ ಬಹಿಷ್ಕಾರಕ್ಕೆ ಒಳಗಾದವನಲ್ಲ. ಅವನ ಶವಸಂಸ್ಕಾರ ಯಾರು ಮಾಡಬೇಕು? ಪ್ರಶ್ನೆ ಶಾಸ್ತ್ರದ್ದು. ಅದು ಕಣ್ಣಿಗೆ ಕಾಣುವುದು ಹಸಿವಿನಲ್ಲಿ. ಹೆಣ ಎತ್ತುವ ತನಕ ಅಗ್ರಹಾರದಲ್ಲಿ ಯಾರೂ ಉಣ್ಣುವಂತಿಲ್ಲ. ತೀರ್ಮಾನ ತಡವಾದಷ್ಟೂ ಹೆಣ ನಾರುತ್ತದೆ, ಇಲಿಗಳು ಸಾಯುತ್ತವೆ, ಹದ್ದುಗಳು ಮಾಡಿನ ಮೇಲೆ ಬಂದು ಕೂರುತ್ತವೆ. ಸಂಸ್ಕಾರದ ಖರ್ಚಿಗೆಂದು, ನಾರಣಪ್ಪನ ಜೊತೆ ಬಾಳಿದ ಚಂದ್ರಿ ಮೈಮೇಲಿನ ಚಿನ್ನವನ್ನೆಲ್ಲ ಕಳಚಿ ಆಚಾರ್ಯರ ಮುಂದಿಡುತ್ತಾಳೆ. ಅಲ್ಲಿಯವರೆಗೆ ಹಿಂದೆ ಸರಿಯುತ್ತಿದ್ದವರು ಈಗ ತಾವೇ ಮಾಡುತ್ತೇವೆಂದು ಪೈಪೋಟಿಗೆ ನಿಲ್ಲುತ್ತಾರೆ. ಅವರ ಧರ್ಮನಿಷ್ಠೆ ಎಷ್ಟರದು ಎಂಬುದಕ್ಕೆ ಬೇರೆ ಸಂಭಾಷಣೆ ಬೇಕಾಗುವುದಿಲ್ಲ.

ಆಚಾರ್ಯರು ತಾಳೆಗರಿ ತಿರುವಿದರೂ ಉತ್ತರ ಸಿಗುವುದಿಲ್ಲ. ಮಾರುತಿಯ ಗುಡಿಯಲ್ಲಿ ಕಾದು ಕೂತರೂ ಪ್ರಸಾದವಾಗುವುದಿಲ್ಲ. ಮರಳುವ ದಾರಿಯಲ್ಲಿ, ಕಾಡಿನ ಕತ್ತಲಲ್ಲಿ, ಅವರಿಗೂ ಚಂದ್ರಿಗೂ ಕೂಡುವಿಕೆ ಆಗುತ್ತದೆ. ಆಮೇಲೆ ಚಂದ್ರಿ ಯಾರಿಗೂ ತಿಳಿಯದಂತೆ ಮೀನಿನ ವ್ಯಾಪಾರಿ ಅಹ್ಮದ್ ಬ್ಯಾರಿಯ ನೆರವಿನಿಂದ ಹೆಣ ಸುಡಿಸುತ್ತಾಳೆ. ಮಂತ್ರವಿಲ್ಲದೆ ಕೆಲಸ ಮುಗಿದಿರುತ್ತದೆ, ಬ್ರಾಹ್ಮಣರ ಚರ್ಚೆ ಮಾತ್ರ ಮುಗಿದಿರುವುದಿಲ್ಲ.

ಇಲ್ಲಿಂದ ಪ್ರಶ್ನೆ ನಾರಣಪ್ಪನನ್ನು ಬಿಟ್ಟು ಆಚಾರ್ಯರನ್ನು ಹಿಡಿಯುತ್ತದೆ. ವೈದಿಕ ಕರ್ಮಕ್ಕೆ ಸಂಕಲ್ಪ ಮೊದಲು. ಸಂಕಲ್ಪವೇ ಇಲ್ಲದೆ ಕಾಡಿನಲ್ಲಿ ನಡೆದುಹೋದ ಕರ್ಮಕ್ಕೆ ಕರ್ತೃ ಯಾರು? ತನ್ನ ಮೇಲೆ ಹೊಣೆಯೇನೂ ಇಲ್ಲವೆಂದರೆ ಅದು ನುಣುಚಿಕೊಂಡಂತೆ. ಹೊಣೆ ಹೊತ್ತರೆ, ಅಗ್ರಹಾರದ ಗುರುವಾಗಿ ಬಾಳಿದ ಬಾಳೇ ಸುಳ್ಳಾಗುತ್ತದೆ. ಕಾದಂಬರಿ ಈ ತಾಕಲಾಟವನ್ನು ಸ್ವಗತದಲ್ಲಿ ಪುಟಗಟ್ಟಲೆ ಬೆಳೆಸಬಲ್ಲದು. ತೆರೆಯ ಮೇಲೆ ಅದೇ ಸ್ವಗತ ಉಪನ್ಯಾಸವಾಗಿಬಿಡುತ್ತದೆ. ಆದ್ದರಿಂದ ಚಿತ್ರಕಥೆ ನೆಚ್ಚಬೇಕಾದದ್ದು, ಅಗ್ರಹಾರ ಬಿಟ್ಟು ಹೊರಟ ಆಚಾರ್ಯರಿಗೆ ಎದುರಾಗುವ ಹೊರಗಿನ ಘಟನೆಗಳನ್ನು: ಬೇಡವೆಂದರೂ ಬೆನ್ನು ಬಿಡದ ಮಾಲೇರ ಪುಟ್ಟ, ಮೇಳಿಗೆಯ ಜಾತ್ರೆ, ಕೋಳಿ ಅಂಕ, ಹೆಂಡತಿಯ ಸಾವಿನ ಸೂತಕದಲ್ಲಿದ್ದೂ ದೇವಸ್ಥಾನದ ಪಂಕ್ತಿಯಲ್ಲಿ ಕೂತು ಉಣ್ಣುವುದು. ಯಾರಾದರೂ ಗುರುತು ಹಿಡಿದಾರು ಎಂಬ ಅಂಜಿಕೆಯೇ ಅಲ್ಲಿ ಆತ್ಮಪರೀಕ್ಷೆಯ ರೂಪ ತಾಳುತ್ತದೆ.

ಮದ್ರಾಸಿನ ಸೆನ್ಸಾರ್ ಮಂಡಳಿ ಚಿತ್ರಕ್ಕೆ ಮೊದಲು ಅನುಮತಿ ನಿರಾಕರಿಸಿತ್ತು. ನಿಷೇಧ ತೆರವಾದ ಮೇಲೆ ಅದು ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದಿತು. ಚಿತ್ರದ ಬಗ್ಗೆ ಹೊರಗೆ ಹೀಗೆ ತೀರ್ಪುಗಳಾದವು, ಆದರೆ ಆಚಾರ್ಯರು ತಪ್ಪು ಮಾಡಿದರೋ ಬಿಡುಗಡೆ ಪಡೆದರೋ ಎಂಬ ತೀರ್ಪನ್ನು ಕಥೆ ಕೊಡುವುದಿಲ್ಲ. ನಡೆದದ್ದನ್ನು ನಾಲ್ಕು ಜನರ ಮುಂದೆ ಹೇಳಬೇಕೆಂಬ ನಿಶ್ಚಯ ಅವರದೇ ಆಗುತ್ತದೆ. ಕಾಡಿನಲ್ಲಿ ಇಲ್ಲದಿದ್ದ ಸಂಕಲ್ಪ ಹೀಗೆ ಕೃತ್ಯದ ನಂತರ ಹುಟ್ಟುತ್ತದೆ. ಹೊಣೆ ಎಲ್ಲಿಂದ ಶುರುವಾಗುತ್ತದೆ ಎಂಬ ಪ್ರಶ್ನೆಗೆ ‘ಸಂಸ್ಕಾರ’ ಕೊಡುವ ಉತ್ತರ ಇಷ್ಟು.