ಮುಹೂರ್ತವೋ, ಮೈಯ ಸ್ಥಿತಿಯೋ?

ಮದುವೆಗೆ ನಾಲ್ಕೇ ದಿನವಿರುವಾಗ ವಧುವಿನ ಮೈಮೇಲೆ ಸೀತಾಳೆ ಸಿಡುಬಿನ ಗುಳ್ಳೆಗಳೆದ್ದರೆ ಮಾಡತಕ್ಕದ್ದೇನು? ಮಾಟುಂಗದಲ್ಲಿ ಸಭಾಗೃಹ ಗೊತ್ತಾಗಿದೆ, ಊರಿನ ನೆಂಟರು ರೈಲು ಹತ್ತಿದ್ದಾರೆ. ಅರಿಸಿನ ಬಳಿದು ಮುಚ್ಚಿಬಿಡಿ ಎನ್ನುವ ಹಿರಿಯರೂ ಉಂಟು. ಆದರೆ ಗುಳ್ಳೆಗಳೆಲ್ಲ ಒಣಗಿ ಹಕ್ಕಳೆಗಟ್ಟುವವರೆಗೂ ಈ ರೋಗ ಹರಡುತ್ತದೆ. ಅಕ್ಷತೆ ಹಾಕಲು ಬರುವವರಲ್ಲಿ ಹಿಂದೆಂದೂ ಇದು ತಗಲಿರದ ಬಸುರಿಯೊಬ್ಬಳಿದ್ದರೆ ಆಕೆಗೂ ಗರ್ಭಕ್ಕೂ ಅಪಾಯ. ತಿಳಿಸದೆ ಅವಳನ್ನು ಕರೆಯುವ ಹಕ್ಕು ನಮಗೆಲ್ಲಿದೆ? ಮುಂಗಡ ಹೋದರೆ ಹೋಗಲಿ, ಪಂಚಾಂಗದಲ್ಲಿ ಇನ್ನೊಂದು ಲಗ್ನ ಸಿಕ್ಕೇ ಸಿಗುತ್ತದೆ.

ನನಗೆ ತೊಡಕೆನಿಸುವುದು ಬೇರೆ. ವರನಿಗೆ ಜ್ವರ ಬಂದರೆ ಅದು ಬರಿಯ ಜ್ವರ. ವಧುವಿಗೆ ಬಂದರೆ ಕಾಲ್ಗುಣ! ಹೆಣ್ಣಿನ ಮನೆಯವರು ಮುಚ್ಚಿಡುವುದು ಈ ಅಂಜಿಕೆಯಿಂದಲೇ. ಆದ್ದರಿಂದ ಸುಳಿವು ಸಿಕ್ಕಿದೊಡನೆ ‘ದಿನ ಮುಂದೂಡೋಣ’ ಎಂಬ ಮಾತು ಗಂಡಿನ ಕಡೆಯಿಂದಲೇ ಹೊರಡಬೇಕು. ಆಗಲಾದರೂ ಆ ಹುಡುಗಿ ನಿಶ್ಚಿಂತೆಯಿಂದ ಮಲಗಿಯಾಳು.