ಸಪ್ಪಳ

ಖಾನಾಪುರದಲ್ಲಿ ನಮ್ಮ ಪಕ್ಕದ ಮನೆ ಮಾವಶಿಯವರಲ್ಲಿ ಟಿವಿ ಇತ್ತು. ಅದರಲ್ಲಿ ಬರುತ್ತಿದ್ದ ಹಿಂದಿ ದೆವ್ವದ ಧಾರಾವಾಹಿಯ ಹೆಸರು, ‘ಆಹಟ್’ ಅಂದರೇನು ಎಂದು ಕೇಳಿದೆ. ಅವರು ಮರಾಠಿಯಲ್ಲಿ ‘ಚಾಹೂಲ’ ಅಂದರು. ಮನೆಗೆ ಬಂದು ಅಜ್ಜಿಗೆ ಅದನ್ನೇ ಒಪ್ಪಿಸಿದರೆ, ಬತ್ತಿ ಹೊಸೆಯುತ್ತಲೇ, “ಯಾರೋ ಬಂದಂಗ ಆಗೋ ಸಪ್ಪಳ” ಅಂದಳು. ಹೀಗೆ ಹಿಂದಿಯ ದೆವ್ವ ಮರಾಠಿ ಓಣಿ ಹಾದು ಕನ್ನಡದ ಪಡಸಾಲೆಗೆ ಬಂತು.

ಸೋನಿ ವಾಹಿನಿಯಲ್ಲಿ 1995ರಲ್ಲಿ ಶುರುವಾದ ಧಾರಾವಾಹಿ ಅದು. ಮುಂದೆ ‘ಸಿಐಡಿ’ ಮಾಡಿದ ಬಿ.ಪಿ. ಸಿಂಗ್ ಅವರದು. ಅದಕ್ಕೂ ಎರಡು ವರ್ಷ ಮೊದಲು ಜೀ ವಾಹಿನಿಯಲ್ಲಿ ರಾಮ್ಸೆ ಸೋದರರ ದೆವ್ವಗಳು ಮುಖವಾಡ ಹಾಕಿಕೊಂಡು ಬಂದಿದ್ದವು. ಅವನ್ನು ನೋಡಿ ನಕ್ಕು ಮಲಗಬಹುದಿತ್ತು. ಮೊದಮೊದಲ ‘ಆಹಟ್’ ಮಾತ್ರ ಹಾಗಲ್ಲ. ಬಾಗಿಲ ಕಿರುಗುಟ್ಟುವಿಕೆ, ಖಾಲಿ ಮೆಟ್ಟಿಲು, ಅಷ್ಟೇ. ಉಳಿದದ್ದನ್ನು ನಮ್ಮ ಮಳೆಗಾಲ ಪೂರೈಸುತ್ತಿತ್ತು: ಕರೆಂಟ್ ಹೋದ ಓಣಿ, ಹಂಚಿನಿಂದ ತೊಟ್ಟಿಕ್ಕುವ ನೀರು. 2015ರ ಆರನೇ ಸರಣಿಯ ಹೊತ್ತಿಗೆ ಕಂಪ್ಯೂಟರ್ ಎಲ್ಲವನ್ನೂ ಬಿಡಿಸಿ ತೋರಿಸುತ್ತಿತ್ತು. ಕಂಡ ಮೇಲೆ ಹೆದರುವುದಕ್ಕೆ ಏನು ಉಳಿಯುತ್ತದೆ?

ಈಗ ಬೆಳಗಾವಿಯ ಟಿಳಕವಾಡಿಯಲ್ಲಿ, ಬೀದಿದೀಪ ಆರದ ರಾತ್ರಿಗಳಲ್ಲಿ, ಆ ಹಳೆಯ ಕಂತುಗಳನ್ನು ಮೊಬೈಲಿನಲ್ಲಿ ನೋಡುತ್ತೇನೆ. ಭಯವಿಲ್ಲ, ಒಂದು ಪ್ರಶ್ನೆ ಮಾತ್ರ. ಆ ಸಪ್ಪಳ ಯಾರದು? ಕಥೆಗಳ ಲೆಕ್ಕದಲ್ಲಿ, ಅನ್ಯಾಯವಾಗಿ ಸತ್ತವರದು. ಹಾಗಿದ್ದರೆ ನಮ್ಮ ಖಾನಾಪುರ ತಾಲೂಕಿನಲ್ಲಿ ಎಲ್ಲರಿಗಿಂತ ಮೊದಲು ತಿರುಗಿ ಬರಬೇಕಾದವನು ಸಂಗೊಳ್ಳಿ ರಾಯಣ್ಣ. ಅವನನ್ನು ಅವನವರೇ ಮೋಸದಿಂದ ಹಿಡಿದುಕೊಟ್ಟರು. 1831ರ ಜನವರಿ 26ರಂದು ಬ್ರಿಟಿಷರು ನಂದಗಡದಲ್ಲಿ ಆಲದ ಮರಕ್ಕೆ ನೇಣು ಹಾಕಿದರು. ಆದರೆ ಅಲ್ಲಿ ಯಾರೂ ಹೆದರುವುದಿಲ್ಲ. ಮಕ್ಕಳಾಗಲೆಂದು ಬೇಡಿಕೊಂಡು ಅವನ ಸಮಾಧಿಯ ಬಳಿ ಮರದ ತೊಟ್ಟಿಲು ಕಟ್ಟಿ ಬರುತ್ತಾರೆ. ನೇಣಿನ ಊರಿನಲ್ಲಿ ತೊಟ್ಟಿಲು! ಜನ ಹೆಸರು ಹಿಡಿದು ಕರೆಯುತ್ತಲೇ ಇದ್ದರೆ, ಸತ್ತವನು ಕತ್ತಲಲ್ಲಿ ಕದ್ದು ಬರಬೇಕಾದ ಪ್ರಮೇಯವೇ ಇರಲಿಕ್ಕಿಲ್ಲ.

ಇಷ್ಟಕ್ಕೇ ನಿಲ್ಲಿಸಿದರೆ ಚಂದ ಇರುತ್ತಿತ್ತು. ಆದರೆ ಹೆರಿಗೆಯಲ್ಲಿ ಸತ್ತವಳು? ಬಾವಿಗೆ ಬಿದ್ದ ಸೊಸೆ? ಅವರ ಹೆಸರಿನಲ್ಲಿ ತೊಟ್ಟಿಲು ಕಟ್ಟಿದ್ದನ್ನು ನಾನು ಕಂಡಿಲ್ಲ. ಅವರ ಪಾಲಿಗೆ ನಾಲ್ಕು ದಾರಿ ಕೂಡುವಲ್ಲಿ ನಿವಾಳಿಸಿ ಒಗೆದ ನಿಂಬೆಹಣ್ಣು. ಅವರ ಬಗ್ಗೆ ಮಾತು ಬಂದರೂ “ಗಾಳಿ” ಅನ್ನುತ್ತಾರೆ, ಹೆಸರು ಅನ್ನುವುದಿಲ್ಲ. ಟಿವಿಯ ದೆವ್ವಗಳಲ್ಲಿ ಹೆಂಗಸರೇ ಏಕೆ ಹೆಚ್ಚು ಎಂಬುದು ನನಗೆ ಹೊಳೆದದ್ದು ಈಚೆಗೆ. ಅರ್ಧ ಕಥೆ ಅವಳಿಗೆ ಹೆದರಿಸುವ ಕೆಲಸ; ಉಳಿದರ್ಧದಲ್ಲಿ ಅವಳಿಗೆ ಏನಾಗಿತ್ತೆಂದು ಹೇಳಲೇಬೇಕಾಗುತ್ತಿತ್ತು. ಯಾವ ಪಂಚಾಯಿತಿಯೂ ಕೇಳದ ದೂರನ್ನು ನಾವು, ಚಾದರ ಹೊದ್ದುಕೊಂಡಾದರೂ, ಪೂರ್ತಿ ಕೇಳುತ್ತಿದ್ದೆವು.

ಮಹಾಲಯ ಅಮಾವಾಸ್ಯೆಗೆ ಅಜ್ಜಿ ಹಿರಿಯರಿಗೆಲ್ಲ ಹೆಸರು ಹೇಳಿ ಎಡೆ ಇಡುತ್ತಿದ್ದಳು. ಆಮೇಲೆ ಒಂದು ಹೆಚ್ಚಿನ ಎಲೆ ಹಿತ್ತಲ ಬಾಗಿಲಿಗೆ. ಇದು ಯಾರಿಗೆ ಎಂದರೆ, “ಹೆಸರ ಗೊತ್ತಿಲ್ಲದವರಿಗೆ” ಅನ್ನುವಳು. ನಾನು ಓಡಿಬಂದು ಕೌದಿಯೊಳಗೆ ಸೇರಿಕೊಳ್ಳುತ್ತಿದ್ದೆ. ಆ ರಾತ್ರಿ ಅವಳು ಹಿತ್ತಲ ಚಿಲಕ ಹಾಕುತ್ತಿರಲಿಲ್ಲ.